ಮನೆಯ ಮಾತ್ರೆ ಡಬ್ಬಿಗೆ ಕೈ ಹಾಕುವ ಮುನ್ನ

ಹ್ಯಾಮ್‌ಸ್ಟರ್ ಸಾಕಿರುವ ಮಕ್ಕಳೇ, ಸಾಕಬೇಕೆಂದು ಅಪ್ಪ ಅಮ್ಮನ ಬೆನ್ನುಬಿದ್ದಿರುವ ಮಕ್ಕಳೇ, ಎಲ್ಲಕ್ಕಿಂತ ಮುಖ್ಯವಾದದ್ದನ್ನು ಮೊದಲೇ ಹೇಳಿಬಿಡುತ್ತೇನೆ. ಮಿಕ್ಕದ್ದನ್ನು ಓದದೆ ಎದ್ದುಹೋದರೂ ಇದೊಂದು ನೆನಪಿರಲಿ. ನಿಮ್ಮ ಹ್ಯಾಮ್‌ಸ್ಟರ್ ಸೀನತೊಡಗಿದರೆ, ಅದರ ಮೂಗು ಒದ್ದೆಯಾದರೆ, ಉಸಿರಾಡಲು ಅದು ಕಷ್ಟಪಟ್ಟರೆ ಮನೆಯ ಮಾತ್ರೆ ಡಬ್ಬಿಯನ್ನು ಮುಟ್ಟಬೇಡಿ. ಹೋದ ಸಲ ನಿಮಗೆ ಗಂಟಲು ನೋವು ಬಂದಾಗ ತಂದು ಅರ್ಧ ಉಳಿದಿರುವ ಅಮಾಕ್ಸಿಸಿಲಿನ್ ಅಂಥ ಡಬ್ಬಿಗಳಲ್ಲಿ ಇದ್ದೇ ಇರುತ್ತದೆ. ನಿಮ್ಮನ್ನು ವಾಸಿ ಮಾಡಿದ ಆ ಔಷಧ ಹ್ಯಾಮ್‌ಸ್ಟರಿನ ಪ್ರಾಣ ತೆಗೆಯಬಲ್ಲದು.

ನಾನು ಪಶುವೈದ್ಯ. ಸರ್ಕಾರಿ ಪಶು ಆಸ್ಪತ್ರೆಗಳಲ್ಲಿ ಹಸು, ಎಮ್ಮೆ, ಕುರಿಗಳ ನಡುವೆ ಸೇವೆ ಮುಗಿಸಿದವನು. ನಿವೃತ್ತಿಯ ನಂತರ ಬೆಂಗಳೂರಿನ ಒಂದು ಕ್ಲಿನಿಕ್ಕಿನಲ್ಲಿ ಕೂರತೊಡಗಿದ ಮೇಲೆ ಅಪಾರ್ಟ್‌ಮೆಂಟುಗಳ ಮಕ್ಕಳು ಶೂ ಡಬ್ಬಿಯಲ್ಲಿ ಹ್ಯಾಮ್‌ಸ್ಟರ್ ಹಿಡಿದುಕೊಂಡು ಬರುವುದನ್ನು ನೋಡುತ್ತಿದ್ದೇನೆ. ಡಬ್ಬಿಯ ಮೂಲೆಯಲ್ಲಿ ಮೈಕೂದಲು ಕೆದರಿ ಮುದುಡಿ ಕೂತ ಜೀವ. "ಏನಾದರೂ ಕೊಟ್ಟಿದ್ದೀಯಾ ಮಗು?" ಎಂದು ಕೇಳಿದರೆ ಎಷ್ಟೋ ಮಕ್ಕಳು ತಲೆ ತಗ್ಗಿಸಿ "ಸ್ವಲ್ಪ ಕೊಟ್ವಿ ಡಾಕ್ಟ್ರೇ" ಅನ್ನುತ್ತಾರೆ. ಕೆಮ್ಮಿನ ಸಿರಪ್ಪು, ಮಾತ್ರೆಯ ಪುಡಿ, ಜೇನು ಬೆರೆಸಿದ ಶುಂಠಿ ರಸ. ಎಲ್ಲವೂ ಪ್ರೀತಿಯಿಂದ ಕೊಟ್ಟದ್ದೇ. ಆ ಪ್ರೀತಿಯ ಬಗ್ಗೆ ನನಗೆ ಎಳ್ಳಷ್ಟೂ ಅನುಮಾನವಿಲ್ಲ. ಅದು ಪ್ರಾಣಿಯ ಉಪಯೋಗಕ್ಕೆ ಬರಬೇಕಾದರೆ ಕೆಲವು ಸಂಗತಿಗಳು ನಿಮಗೆ ಗೊತ್ತಿರಬೇಕು, ಅಷ್ಟೆ.

ಅಮಾಕ್ಸಿಸಿಲಿನ್ ಯಾಕೆ ಕೊಲ್ಲುತ್ತದೆ? ಶ್ವಾಸಕೋಶಕ್ಕೆ ಅದು ಏನೂ ಮಾಡುವುದಿಲ್ಲ, ಪೆಟ್ಟು ಬೀಳುವುದು ಕರುಳಿಗೆ. ಹ್ಯಾಮ್‌ಸ್ಟರಿನ ಕರುಳಿನಲ್ಲಿ ಅದರ ಆರೋಗ್ಯವನ್ನು ಕಾಯುವ ಬ್ಯಾಕ್ಟೀರಿಯಾಗಳು ತುಂಬಿವೆ. ಪೆನಿಸಿಲಿನ್, ಆಂಪಿಸಿಲಿನ್, ಅಮಾಕ್ಸಿಸಿಲಿನ್, ಕ್ಲಿಂಡಾಮೈಸಿನ್, ಲಿಂಕೊಮೈಸಿನ್, ಎರಿಥ್ರೊಮೈಸಿನ್ ಇವೆಲ್ಲ ಆ ಒಳ್ಳೆಯ ಬ್ಯಾಕ್ಟೀರಿಯಾಗಳನ್ನೇ ಮೊದಲು ನಾಶಮಾಡುತ್ತವೆ. ಅವು ಇಲ್ಲವಾದ ಜಾಗದಲ್ಲಿ ಕ್ಲಾಸ್ಟ್ರಿಡಿಯಂ ಡಿಫಿಸಿಲ್ ಎಂಬ ಕೆಟ್ಟ ಬ್ಯಾಕ್ಟೀರಿಯಾ ಬೆಳೆಯುತ್ತದೆ. ಅದು ಕಾರುವ ವಿಷಕ್ಕೆ ಕರುಳು ಊದಿಕೊಂಡು ರಕ್ತ ಒಸರುತ್ತದೆ, ಭೇದಿ ಶುರುವಾಗುತ್ತದೆ, ಕೆಲವೇ ದಿನಗಳಲ್ಲಿ ಪ್ರಾಣಿ ಸಾಯುತ್ತದೆ. ಬಾಲದ ಬುಡ ಒದ್ದೆಯಾಗಿ ಸತ್ತ ಹ್ಯಾಮ್‌ಸ್ಟರನ್ನು ನೋಡಿ, ನೆಗಡಿ ಹೊಟ್ಟೆಗೆ ಇಳಿಯಿತು ಎಂದು ಮನೆಯವರು ಅಂದುಕೊಳ್ಳುತ್ತಾರೆ. ಕೊಂದದ್ದು ಔಷಧ ಎಂದು ಅವರಿಗೆ ಗೊತ್ತೇ ಆಗುವುದಿಲ್ಲ.

ಇದು ವೈದ್ಯಶಾಸ್ತ್ರದ ಚರಿತ್ರೆಗೂ ತಳುಕು ಹಾಕಿಕೊಂಡಿರುವ ಸಂಗತಿ. 1940ರ ಮೇ 25ರಂದು ಆಕ್ಸ್‌ಫರ್ಡಿನಲ್ಲಿ ವಿಜ್ಞಾನಿ ಹೋವರ್ಡ್ ಫ್ಲೋರಿ ಎಂಟು ಇಲಿಗಳಿಗೆ ಮಾರಕ ರೋಗಾಣು ಚುಚ್ಚಿ, ನಾಲ್ಕಕ್ಕೆ ಮಾತ್ರ ಪೆನಿಸಿಲಿನ್ ಕೊಟ್ಟರು. ಕೊಡದ ನಾಲ್ಕೂ ಬೆಳಗಾಗುವಷ್ಟರಲ್ಲಿ ಸತ್ತಿದ್ದವು, ಕೊಟ್ಟವು ಬದುಕಿದ್ದವು. ಆ ಪ್ರಯೋಗಕ್ಕೆ ಇಲಿಯ ಬದಲು ಗಿನಿಯಿಲಿಯನ್ನೋ ಹ್ಯಾಮ್‌ಸ್ಟರನ್ನೋ ಆರಿಸಿಕೊಂಡಿದ್ದರೆ ಪೆನಿಸಿಲಿನ್ ಒಂದು ವಿಷವೆಂದು ಮೂಲೆಗೆ ಬೀಳುವ ಸಂಭವವಿತ್ತು. ಮುಂದೆ 1970ರ ದಶಕದಲ್ಲಿ ಕ್ಲಿಂಡಾಮೈಸಿನ್ ತೆಗೆದುಕೊಂಡ ಕೆಲವು ರೋಗಿಗಳಿಗೆ ಭೀಕರ ಭೇದಿ ಹತ್ತಿಕೊಳ್ಳುತ್ತಿದ್ದಾಗ, ಅಮೆರಿಕದ ವೈದ್ಯ ಜಾನ್ ಬಾರ್ಟ್‌ಲೆಟ್ ಮತ್ತು ಸಂಗಡಿಗರು ಅದರ ಮೂಲ ಹುಡುಕಲು ಹ್ಯಾಮ್‌ಸ್ಟರುಗಳನ್ನು ಬಳಸಿದರು. ಅದೇ ಔಷಧ ಕೊಟ್ಟ ಹ್ಯಾಮ್‌ಸ್ಟರುಗಳು ಅದೇ ಬಗೆಯ ಕರುಳುಬೇನೆಯಿಂದ ಸತ್ತವು. ಅವುಗಳಿಂದಲೇ ಕ್ಲಾಸ್ಟ್ರಿಡಿಯಂ ಡಿಫಿಸಿಲ್ ಸಿಕ್ಕಿಬಿದ್ದದ್ದು. ಇವತ್ತು ಯಾವ ಆಸ್ಪತ್ರೆಯಲ್ಲೂ ಡಾಕ್ಟರು ಆ ಹೆಸರನ್ನು ಎಚ್ಚರದಿಂದ ಉಚ್ಚರಿಸುತ್ತಾರೆ. ಆ ತಿಳಿವಳಿಕೆಯ ಹಿಂದೆ ಈ ಪ್ರಾಣಿಯ ಸಾವಿದೆ ಎಂಬುದು ನಿಮಗೆ ಗೊತ್ತಿರಲಿ.

ಹಾಗಾದರೆ ಮದ್ದೇ ಇಲ್ಲವೇ? ಇದೆ. ಎನ್ರೊಫ್ಲಾಕ್ಸಾಸಿನ್, ಡಾಕ್ಸಿಸೈಕ್ಲಿನ್, ಟ್ರೈಮಿಥೊಪ್ರಿಮ್-ಸಲ್ಫಾದಂಥ ಔಷಧಗಳನ್ನು ಪಶುವೈದ್ಯರು ಕೊಡುತ್ತಾರೆ. ಹೆಸರು ಹೇಳಿದೆನೆಂದು ಮೆಡಿಕಲ್ ಶಾಪಿಗೆ ಓಡಬೇಡಿ. ದೊಡ್ಡ ಸಿರಿಯನ್ ಹ್ಯಾಮ್‌ಸ್ಟರ್ ತೂಗುವುದೇ 100ರಿಂದ 150 ಗ್ರಾಂ, ಡ್ವಾರ್ಫ್ ಜಾತಿಯದು ಬರೀ 30ರಿಂದ 50 ಗ್ರಾಂ. ಅಂಥ ಮೈಗೆ ಔಷಧದ ಪ್ರಮಾಣ ಲೆಕ್ಕ ಹಾಕುವುದು ತೂಕದ ತಕ್ಕಡಿ ಮುಂದಿಟ್ಟುಕೊಂಡು ಕಲಿತವರು ಮಾಡುವ ಕೆಲಸ.

ಇನ್ನೊಂದು ಅಪಾಯವಿದೆ, ಅದನ್ನು ಹಿರಿಯರೂ ಅರಿಯರು. ಔಷಧವಾಗಲಿ, ಹಾಲಾಗಲಿ, ನೀರೇ ಆಗಲಿ, ಒದ್ದಾಡುವ ಹ್ಯಾಮ್‌ಸ್ಟರನ್ನು ಅಂಗಾತ ಮಲಗಿಸಿ ಬಾಯಿಗೆ ಸುರಿದರೆ ಅದು ಶ್ವಾಸನಾಳಕ್ಕೆ ಇಳಿಯುತ್ತದೆ. ಇಲ್ಲದ ನ್ಯುಮೋನಿಯಾವನ್ನು ನಾವೇ ತಂದಿಟ್ಟ ಹಾಗಾಗುತ್ತದೆ. ನಮ್ಮ ಹಳ್ಳಿಗಳಲ್ಲಿ ದನಕ್ಕೆ ಗೊಟ್ಟದಲ್ಲಿ ಕಷಾಯ ಕುಡಿಸುವಾಗ ಕತ್ತನ್ನು ಅತಿಯಾಗಿ ಮೇಲೆತ್ತಿದ್ದರಿಂದ ಅದು ಶ್ವಾಸಕೋಶಕ್ಕೆ ಹೋಗಿ ಸತ್ತ ದನಗಳನ್ನು ನಾನು ಕಂಡಿದ್ದೇನೆ. ಅಷ್ಟು ದೊಡ್ಡ ಪ್ರಾಣಿಗೇ ಹಾಗಾದರೆ ಇದರ ಪಾಡೇನು? ವೈದ್ಯರು ಕೊಟ್ಟ ಔಷಧವನ್ನೂ ಅದು ನೆಟ್ಟಗೆ ಕೂತಿರುವಾಗ, ತುಟಿಯ ಪಕ್ಕದಿಂದ, ಒಂದೊಂದೇ ಹನಿಯಾಗಿ, ನುಂಗುವುದನ್ನು ಕಾದು ಕೊಡಬೇಕು.

ಈಗ ಸಮಯದ ಮಾತು. ಹ್ಯಾಮ್‌ಸ್ಟರಿನ ಆಯುಸ್ಸು ಎರಡು, ಹೆಚ್ಚೆಂದರೆ ಮೂರು ವರ್ಷ. ನಮ್ಮ 70 ವರ್ಷದ ಬದುಕನ್ನು ಅದು ಎರಡೇ ವರ್ಷದಲ್ಲಿ ಬದುಕಿ ಮುಗಿಸುತ್ತದೆ ಎಂದುಕೊಂಡರೆ, ಅದರ ಒಂದು ದಿನ ನಮ್ಮ ಒಂದು ತಿಂಗಳಿಗಿಂತ ಹೆಚ್ಚು. "ನಾಳೆ ಟೆಸ್ಟ್ ಇದೆ, ನಾಡಿದ್ದು ಶನಿವಾರ ತೋರಿಸೋಣ" ಎನ್ನುವಂತಿಲ್ಲ. ಅದರ ಮೇಲೆ ಇದು ಬೇರೆ ಪ್ರಾಣಿಗಳಿಗೆ ಬೇಟೆಯಾಗುವ ಜೀವ. ಕಾಡಿನಲ್ಲಿ ಕಾಯಿಲೆ ತೋರಿಸಿಕೊಂಡ ಪ್ರಾಣಿಯನ್ನೇ ಹದ್ದು, ನರಿ ಮೊದಲು ಹಿಡಿಯುವುದು. ಅದಕ್ಕೇ ಹ್ಯಾಮ್‌ಸ್ಟರ್ ತನ್ನ ರೋಗವನ್ನು ಕೊನೆಯವರೆಗೂ ಮುಚ್ಚಿಡುತ್ತದೆ. ನಿಮ್ಮ ಕಣ್ಣಿಗೆ ಬೀಳುವ ಹೊತ್ತಿಗೆ ಅದು ಆಗಲೇ ಬಹಳ ಸೋತಿರುತ್ತದೆ.

ಹಾಗಾಗಿ ನೋಡುವುದನ್ನು ಕಲಿಯಬೇಕು. ಹೊಸ ಹಾಸು ಹಾಕಿದ ದಿನ ಒಂದೆರಡು ಸಲ ಸೀನಿದರೆ ಗಾಬರಿಯಿಲ್ಲ, ಅದು ಧೂಳು. ಸೀನು ಮರುದಿನವೂ ನಿಲ್ಲದಿದ್ದರೆ, ಮೂಗಿನಲ್ಲೋ ಕಣ್ಣಿನಲ್ಲೋ ನೀರು ಅಥವಾ ಕೀವಿನಂಥ ಸ್ರಾವ ಕಂಡರೆ ಅದು ರೋಗ. ಹ್ಯಾಮ್‌ಸ್ಟರ್ ಮುಂಗಾಲಿನಿಂದ ಮುಖ ಒರೆಸಿಕೊಳ್ಳುತ್ತಲೇ ಇರುವುದರಿಂದ ಮೂಗು ಒಣಗಿದಂತೆ ಕಾಣಬಹುದು, ಮುಂಗಾಲಿನ ಒಳಬದಿಯ ಕೂದಲು ಅಂಟಿಕೊಂಡಿದೆಯೇ ಎಂದೂ ನೋಡಿ. ಮೆಲ್ಲಗೆ ಎತ್ತಿ ಕಿವಿಯ ಹತ್ತಿರ ಹಿಡಿಯಿರಿ. ಆರೋಗ್ಯವಂತ ಹ್ಯಾಮ್‌ಸ್ಟರಿನ ಉಸಿರು ನಿಮಗೆ ಕೇಳಿಸುವುದೇ ಇಲ್ಲ. ಟಿಕ್‌ಟಿಕ್ ಎಂದೋ ಗೊರಗೊರ ಎಂದೋ ಸದ್ದು ಬಂದರೆ ಎದೆಯೊಳಗೆ ಕಫವಿದೆ. ಅದರ ಸಹಜ ಉಸಿರಾಟವೇ ನಿಮಿಷಕ್ಕೆ 35ರಿಂದ 135ರವರೆಗೆ ಏರಿಳಿಯುತ್ತದೆ, ಬರೀ ಲೆಕ್ಕ ನೋಡಿ ಏನನ್ನೂ ಹೇಳಲಾಗದು. ಎಣಿಸುವುದಕ್ಕಿಂತ ಉಸಿರಾಡುವ ರೀತಿಯನ್ನು ಗಮನಿಸಿ. ಪ್ರತಿ ಉಸಿರಿಗೂ ಪಕ್ಕೆ ಒಳಸೆಳೆಯುತ್ತಿದೆಯೇ, ಇಡೀ ಮೈ ಅಲುಗುತ್ತಿದೆಯೇ, ಕತ್ತು ಚಾಚಿ ಬಾಯಿ ತೆರೆದು ಉಸಿರೆಳೆಯುತ್ತಿದೆಯೇ? ಈ ಜೀವಿ ಮೂಗಿನಿಂದಲೇ ಉಸಿರಾಡುವಂಥದ್ದು. ಬಾಯಿ ತೆರೆಯಿತೆಂದರೆ ಆ ಗಳಿಗೆಯೇ ಆಸ್ಪತ್ರೆಗೆ ಹೊರಡಬೇಕು.

ಅಡುಗೆಮನೆಯ ಡಿಜಿಟಲ್ ತಕ್ಕಡಿಯ ಮೇಲೆ ಒಂದು ಬಟ್ಟಲಿಟ್ಟು ವಾರಕ್ಕೊಮ್ಮೆ ತೂಕ ನೋಡಿ, ನೋಟ್‌ಬುಕ್ಕಿನಲ್ಲಿ ಬರೆದಿಡಿ. 120 ಗ್ರಾಂ ಇದ್ದದ್ದು 108ಕ್ಕೆ ಇಳಿದರೆ ಮೈಯ ಹತ್ತನೇ ಒಂದು ಪಾಲು ಹೋಯಿತು ಎಂದರ್ಥ. ಅದು ಚಕ್ರದಲ್ಲಿ ಓಡುವುದು, ಕಾಳು ಕೂಡಿಡುವುದು ಎಲ್ಲ ರಾತ್ರಿ. ಹಗಲು ಮಲಗಿದ್ದರೆ ಅದು ಸಹಜ. ರಾತ್ರಿಯೂ ಚಕ್ರ ತಿರುಗದಿದ್ದರೆ, ಕಾಳು ಹಾಗೇ ಉಳಿದಿದ್ದರೆ ಏನೋ ತಪ್ಪಿದೆ.

ಉಸಿರಾಟ ಕೆಟ್ಟದ್ದೆಲ್ಲ ಸೋಂಕೇ ಆಗಿರಬೇಕಿಲ್ಲ. ವಯಸ್ಸಾದ ಹ್ಯಾಮ್‌ಸ್ಟರುಗಳಲ್ಲಿ ಹೃದಯ ಸೋತು ಏದುಸಿರು ಬರುವುದು ಬಹಳ ಸಾಮಾನ್ಯ. ರಾಯಚೂರು, ಕಲಬುರಗಿಯ ಬೇಸಗೆಯ ಮಧ್ಯಾಹ್ನವಾದರೆ ಬಿಸಿಲಿನ ಝಳವೂ ಕಾರಣವಿರಬಹುದು. ಬೇರ್ಪಡಿಸಿ ಹೇಳುವುದು ವೈದ್ಯರ ಕೆಲಸ. ನಿಮ್ಮ ಕೆಲಸ ಹೊತ್ತು ಮೀರದಂತೆ ಅವರ ಬಳಿ ಒಯ್ಯುವುದು.

ರೋಗ ಬರುವುದು ಎಲ್ಲಿಂದ ಎಂದರೆ, ಮೊದಲು ಪಂಜರದ ನೆಲದಿಂದ. ಮೂತ್ರ ಕೊಳೆತು ಅಮೋನಿಯಾ ಏಳುತ್ತದೆ. ನಿಂತಿರುವ ನಿಮ್ಮ ಮೂಗಿಗೆ ಅದು ಘಾಟು ಎನಿಸುವ ಹೊತ್ತಿಗೆ, ನೆಲದಿಂದ ಎರಡು ಬೆರಳು ಮೇಲಿರುವ ಅದರ ಮೂಗು ಹಗಲಿರುಳು ಅದನ್ನೇ ಎಳೆದುಕೊಂಡಿರುತ್ತದೆ. ಮೂಗು, ಶ್ವಾಸನಾಳದ ಒಳಪದರದಲ್ಲಿ ಕೊಳೆಯನ್ನು ಹೊರಗೆ ತಳ್ಳುವ ಸೂಕ್ಷ್ಮ ರೋಮಗಳಿವೆ. ಅಮೋನಿಯಾ ಅವನ್ನು ಸುಟ್ಟುಬಿಡುತ್ತದೆ. ಆಮೇಲೆ ಮೂಗಿನಲ್ಲಿ ಸುಮ್ಮನೆ ಇದ್ದ ರೋಗಾಣುಗಳೇ ಶ್ವಾಸಕೋಶಕ್ಕೆ ಇಳಿಯುತ್ತವೆ. ನಮ್ಮ ದನಗಳಿಗೆ ಗಳಲೆ ರೋಗ ತರುವ ಪಾಶ್ಚುರೆಲ್ಲಾದ ಹತ್ತಿರದ ಬಳಗದ್ದೊಂದು ಇವುಗಳಲ್ಲೂ ಹೀಗೇ ಹೊಂಚಿ ಕೂತಿರುತ್ತದೆ. ಹ್ಯಾಮ್‌ಸ್ಟರ್ ಸಾಮಾನ್ಯವಾಗಿ ಒಂದೇ ಮೂಲೆಯಲ್ಲಿ ಮೂತ್ರ ಮಾಡುತ್ತದೆ. ಆ ಮೂಲೆಯ ಹಾಸನ್ನು ದಿನವೂ ತೆಗೆದು ಬದಲಿಸಿ. ಇಡೀ ಪಂಜರವನ್ನು ಮೇಲಿಂದ ಮೇಲೆ ತೊಳೆಯಬೇಡಿ, ತನ್ನ ವಾಸನೆಯೇ ಇಲ್ಲದ ಮನೆಯಲ್ಲಿ ಅದು ಹೆದರುತ್ತದೆ.

ಅಂಗಡಿಯವರು ಅಗ್ಗವೆಂದು ಕೊಡುವ ಸಾ ಮಿಲ್ಲಿನ ಮರದ ಹೊಟ್ಟು ಬೇಡ. ಅದರ ನುಣ್ಣನೆ ಧೂಳು, ಪೈನ್ ಮತ್ತು ಸೀಡರ್ ಮರದ ಘಾಟು ಎರಡೂ ಶ್ವಾಸಕ್ಕೆ ಕೆಟ್ಟವು. ಸುವಾಸನೆ ಸೇರಿಸದ, ಮುದ್ರಿಸದ ಕಾಗದವನ್ನು ಹರಿದು ದಪ್ಪನಾಗಿ ಹಾಕಿದರೆ ಅದಕ್ಕೆ ಸುಖ. ಅರಳೆಯಂಥ ನಯವಾದ ಹಾಸು ನೋಡಲು ಚೆಂದ, ಆದರೆ ಕಾಲಿಗೆ ಸುತ್ತಿಕೊಳ್ಳುತ್ತದೆ, ನುಂಗಿದರೆ ಕರುಳು ಕಟ್ಟುತ್ತದೆ. ನೀರಿನಲ್ಲಿ ಸ್ನಾನ ಮಾಡಿಸುವುದಂತೂ ಖಂಡಿತ ಬೇಡ, ನೆನೆದ ಮೈ ಆರುವಷ್ಟರಲ್ಲಿ ಶೀತ ಹಿಡಿದಿರುತ್ತದೆ.

ಆಮೇಲೆ ನಮ್ಮ ಮನೆಗಳ ಗಾಳಿ. ಇದನ್ನು ಹೊರದೇಶದ ಪುಸ್ತಕಗಳು ನಿಮಗೆ ಹೇಳಿಕೊಡುವುದಿಲ್ಲ. ಬೆಳಗ್ಗೆ ಊದುಬತ್ತಿ, ಶುಕ್ರವಾರ ಸಾಂಬ್ರಾಣಿ, ಹೊತ್ತು ಹೊತ್ತಿಗೆ ಒಣಮೆಣಸಿನಕಾಯಿಯ ಒಗ್ಗರಣೆ, ಸಂಜೆಯಾದರೆ ಸೊಳ್ಳೆಬತ್ತಿ, ನೆಂಟರು ಬಂದರೆ ರೂಮ್ ಫ್ರೆಶ್‌ನರ್. ಒಗ್ಗರಣೆಯ ಘಾಟಿಗೆ ನಾವೇ ಕೆಮ್ಮಿ ಕಿಟಕಿ ತೆಗೆಯುತ್ತೇವೆ, ಪಂಜರದೊಳಗಿನದಕ್ಕೆ ಎದ್ದುಹೋಗುವ ದಾರಿಯಿಲ್ಲ. ಪಂಜರ ಅಡುಗೆಮನೆ, ದೇವರ ಮನೆಗಳಿಂದ ದೂರವಿರಲಿ. ದೀಪಾವಳಿಯ ರಾತ್ರಿಗಳಲ್ಲಿ ಬಾಲ್ಕನಿಯಲ್ಲಂತೂ ಬೇಡವೇ ಬೇಡ, ಒಳಕೋಣೆಯಲ್ಲಿರಲಿ. ನೆಗಡಿಯೆಂದು ಅದರ ಎದೆಗೆ ವಿಕ್ಸ್ ಸವರುವ ಮಕ್ಕಳಿದ್ದಾರೆ. ಅದು ಮೈಯನ್ನೆಲ್ಲ ನೆಕ್ಕಿಕೊಳ್ಳುವ ಪ್ರಾಣಿ, ಕರ್ಪೂರ ಹೊಟ್ಟೆಗೆ ಹೋಗುತ್ತದೆ.

ಚಳಿಗಾಳಿ, ಬಿಸಿಲು ಇದ್ದಕ್ಕಿದ್ದಂತೆ ಬದಲಾದರೂ ಅದಕ್ಕೆ ತಡೆಯದು. ನಿಮ್ಮ ಕೈಯಲ್ಲಿರುವ ಸಿರಿಯನ್ ಹ್ಯಾಮ್‌ಸ್ಟರಿನ ಮೂಲ ಸಿರಿಯಾದ ಅಲೆಪ್ಪೊ ಸೀಮೆ. 1930ರಲ್ಲಿ ಇಸ್ರೇಲ್ ಅಹರೋನಿ ಎಂಬ ಪ್ರಾಣಿಶಾಸ್ತ್ರಜ್ಞ ಅಲ್ಲಿನ ಹೊಲವೊಂದನ್ನು ಅಗೆಸಿ ಒಂದು ತಾಯಿ ಮತ್ತು 11 ಮರಿಗಳನ್ನು ಹಿಡಿದರು. ಕಾಲಾ ಅಜಾರ್ ಜ್ವರದ ಸಂಶೋಧನೆಗಾಗಿ ಜೆರುಸಲೇಮಿನ ವಿಜ್ಞಾನಿ ಸಾಲ್ ಆಡ್ಲರ್‌ಗೆ ಇಂಥ ಪ್ರಾಣಿ ಬೇಕಿತ್ತು. ಜಗತ್ತಿನ ಮನೆಮನೆಗಳಲ್ಲಿರುವ ಸಿರಿಯನ್ ಹ್ಯಾಮ್‌ಸ್ಟರುಗಳು ಹೆಚ್ಚುಕಡಿಮೆ ಎಲ್ಲವೂ ಆ ಒಂದು ಬಿಲದ ಸಂತಾನ. ನೆಲದಡಿಯ ಬಿಲದಲ್ಲಿ ಹಗಲಿಗೂ ರಾತ್ರಿಗೂ ಹವೆ ಅಷ್ಟಾಗಿ ಬದಲಾಗುವುದಿಲ್ಲ. ಅದನ್ನು ತಂದು ಫ್ಯಾನಿನ ಕೆಳಗೋ ಎ.ಸಿ.ಯ ಎದುರೋ ಡಿಸೆಂಬರಿನ ಬಾಲ್ಕನಿಯಲ್ಲೋ ಇಟ್ಟರೆ ಹೇಗೆ ತಾಳೀತು? 20ರಿಂದ 24 ಡಿಗ್ರಿ ಅದಕ್ಕೆ ಹಿತ. ಕರಾವಳಿಯ, ಮಲೆನಾಡಿನ ಮಕ್ಕಳು ಮಳೆಗಾಲದಲ್ಲಿ ಹಾಸು ತೇವವಾಗದಂತೆ, ಬೂಷ್ಟು ಹಿಡಿಯದಂತೆ ವಿಶೇಷವಾಗಿ ನೋಡಿಕೊಳ್ಳಬೇಕು.

ಇನ್ನು, ರೋಗ ನಿಮ್ಮಿಂದಲೂ ಹೋಗಬಹುದು. ಮನುಷ್ಯರಿಗೆ ನ್ಯುಮೋನಿಯಾ ತರುವ ಸ್ಟ್ರೆಪ್ಟೊಕಾಕಸ್ ನ್ಯುಮೋನಿಯೇ ಆರೋಗ್ಯವಾಗಿರುವ ಮಕ್ಕಳ ಮೂಗು ಗಂಟಲಲ್ಲೂ ಇರುತ್ತದೆ, ಹ್ಯಾಮ್‌ಸ್ಟರಿಗೂ ಅದು ಹತ್ತುತ್ತದೆ. ಫ್ಲೂ ವೈರಸ್ಸೂ ಹಾಗೆಯೇ. ನಿಮಗೆ ನೆಗಡಿ, ಜ್ವರವಿದ್ದಾಗ ಅದನ್ನು ಮುದ್ದಾಡಬೇಡಿ, ಮುಖದ ಹತ್ತಿರ ತರಬೇಡಿ. ಮನೆಯ ಇನ್ನೊಬ್ಬರು ಕೈ ತೊಳೆದು, ಮಾಸ್ಕ್ ಹಾಕಿಕೊಂಡು ಕಾಳು ನೀರು ಇಡಲಿ. ನಾಯಿ, ಮೊಲಗಳ ಶ್ವಾಸನಾಳದಲ್ಲಿ ಬಾರ್ಡೆಟೆಲ್ಲಾ ಎಂಬ ಬ್ಯಾಕ್ಟೀರಿಯಾ ಇರುವುದುಂಟು, ಅವುಗಳ ಜೊತೆ ಆಡಲು ಬಿಡುವುದೂ ಬೇಡ. ಕೋವಿಡ್ ಕಾಲದಲ್ಲಿ, 2022ರ ಜನವರಿಯಲ್ಲಿ, ಹಾಂಗ್‌ಕಾಂಗಿನ ಒಂದು ಅಂಗಡಿಯ ಹ್ಯಾಮ್‌ಸ್ಟರುಗಳಿಂದ ಮನುಷ್ಯರಿಗೆ ಸೋಂಕು ಹರಡಿದ್ದು ಪತ್ತೆಯಾಗಿ, ಅಲ್ಲಿನ ಸರ್ಕಾರ ಸುಮಾರು 2000 ಪುಟ್ಟ ಪ್ರಾಣಿಗಳನ್ನು ಕೊಲ್ಲಿಸಿತು. ಹ್ಯಾಮ್‌ಸ್ಟರುಗಳ ಶ್ವಾಸಕೋಶ ಕೋವಿಡ್ಡಿಗೆ ನಮ್ಮದರಂತೆಯೇ ನ್ಯುಮೋನಿಯಾ ತಳೆಯುತ್ತಿದ್ದುದರಿಂದ ವಿಜ್ಞಾನಿಗಳು ಲಸಿಕೆಗಳನ್ನು ಅವುಗಳ ಮೇಲೆ ಪರೀಕ್ಷಿಸಿದರು. ನಮ್ಮ ಕೋವ್ಯಾಕ್ಸಿನ್ ಕೂಡ ಪುಣೆಯ ರಾಷ್ಟ್ರೀಯ ವೈರಾಣು ಸಂಸ್ಥೆಯಲ್ಲಿ ಸಿರಿಯನ್ ಹ್ಯಾಮ್‌ಸ್ಟರುಗಳ ಮೇಲೆ ಪರೀಕ್ಷೆಯಾಯಿತು. ನಿಮ್ಮ ಅಜ್ಜ ಅಜ್ಜಿ ಆ ಲಸಿಕೆ ಹಾಕಿಸಿಕೊಂಡಿದ್ದರೆ ಈ ಪ್ರಾಣಿಯ ಋಣ ನಿಮ್ಮ ಮನೆಯ ಮೇಲಿದೆ.

ವೈದ್ಯರಲ್ಲಿಗೆ ಹೋಗುವಾಗ ಕೆಲವು ವಿಷಯ ನೆನಪಿಡಿ. ಎಲ್ಲ ಪಶುವೈದ್ಯರೂ ಹ್ಯಾಮ್‌ಸ್ಟರ್ ನೋಡುವುದಿಲ್ಲ, ಮೊದಲೇ ಫೋನ್ ಮಾಡಿ ಕೇಳಿ. ಯಾರೂ ಗೊತ್ತಿಲ್ಲದಿದ್ದರೆ ಹೆಬ್ಬಾಳ, ಹಾಸನ, ಶಿವಮೊಗ್ಗ, ಬೀದರ್‌ನಲ್ಲಿರುವ ಪಶುವೈದ್ಯಕೀಯ ಕಾಲೇಜುಗಳ ಆಸ್ಪತ್ರೆಗಳಲ್ಲಿ ವಿಚಾರಿಸಿ. ಗಾಳಿಯಾಡುವ ಪುಟ್ಟ ಡಬ್ಬಿಯಲ್ಲಿ ಅದರದೇ ಹಾಸು ಹಾಕಿ, ಒಂದು ಚೂರು ಸೌತೆಕಾಯಿ ಇಡಿ. ನೀರಿನ ಬಾಟಲಿ ಬೇಡ, ಅದು ದಾರಿಯಲ್ಲಿ ಸೋರಿ ಮೈ ನೆನೆಸುತ್ತದೆ. ಬೈಕಿನ ಗಾಳಿಗೆ ಒಡ್ಡಬೇಡಿ. ಒಂದೇ ಪಂಜರದಲ್ಲಿ ಬೇರೆಯವು ಇದ್ದರೆ ರೋಗಿಯನ್ನು ಬೇರ್ಪಡಿಸಿ. ತೂಕ ಬರೆದಿಟ್ಟ ನೋಟ್‌ಬುಕ್ ಜೊತೆಗಿರಲಿ. ಏನಾದರೂ ಕೊಟ್ಟಿದ್ದರೆ ಮುಚ್ಚಿಡದೆ ಹೇಳಿ, ಯಾವ ವೈದ್ಯರೂ ಅದಕ್ಕೆ ಬೈಯುವುದಿಲ್ಲ. ಅಲ್ಲಿ ಆಮ್ಲಜನಕ, ನೆಬ್ಯುಲೈಸರ್, ಚರ್ಮದಡಿಗೆ ದ್ರವ, ಸರಿಯಾದ ಆ್ಯಂಟಿಬಯೊಟಿಕ್ ಸಿಗುತ್ತವೆ. ಮನೆಗೆ ತಂದ ಮೇಲೆ ಬೆಚ್ಚಗಿನ ನೀರಿನ ಬಾಟಲಿಗೆ ಬಟ್ಟೆ ಸುತ್ತಿ ಪಂಜರದ ಒಂದು ಬದಿಗೆ ಮಾತ್ರ ಇಡಿ, ಸೆಕೆಯಾದರೆ ಅದು ಇನ್ನೊಂದು ಬದಿಗೆ ಸರಿದುಕೊಳ್ಳಲಿ. ಎರಡು ದಿನಕ್ಕೆ ಚೇತರಿಸಿಕೊಂಡಂತೆ ಕಂಡರೂ ವೈದ್ಯರು ಹೇಳಿದಷ್ಟು ದಿನ ಔಷಧ ನಿಲ್ಲಿಸಬೇಡಿ.

ಹಣದ ಮಾತನ್ನೂ ಆಡಿಯೇಬಿಡುತ್ತೇನೆ. "ಕೆಲವು ನೂರು ರೂಪಾಯಿ ಕೊಟ್ಟು ತಂದ ಇಲಿಗೆ ಸಾವಿರಾರು ಖರ್ಚು ಮಾಡುವುದೇ? ಸತ್ತರೆ ಇನ್ನೊಂದು ತಂದರಾಯಿತು" ಎನ್ನುವ ಹಿರಿಯರಿದ್ದಾರೆ. ಮನೆಯ ಕಷ್ಟ ಸುಖ ನನಗೂ ಗೊತ್ತು. ಆದರೆ ಆ ಮಾತು ತಪ್ಪು. ಪ್ರಾಣಿಯ ಬೆಲೆ ಬೇರೆ, ಅದರ ನೋವಿನ ಲೆಕ್ಕ ಬೇರೆ. ಉಸಿರುಕಟ್ಟಿ ಸಾಯುವ ಸಂಕಟ ಹಸುವಿಗೂ ಹ್ಯಾಮ್‌ಸ್ಟರಿಗೂ ಒಂದೇ. ಅದಕ್ಕೇ ಕೊಳ್ಳುವ ಮುನ್ನವೇ ಅಪ್ಪ ಅಮ್ಮನ ಜೊತೆ ಕೂತು ಮಾತಾಡಿ, ಚಿಕಿತ್ಸೆಗೆಂದು ಒಂದಿಷ್ಟು ಹಣ ತೆಗೆದಿಡಿ. ಅದು ಆಗದೆಂದಾದರೆ ಈಗ ಸಾಕಬೇಡಿ. ಅದರಲ್ಲಿ ನಾಚಿಕೆಯೇನೂ ಇಲ್ಲ.

ಎಷ್ಟು ಮಾಡಿದರೂ ಕೆಲವು ಉಳಿಯುವುದಿಲ್ಲ. ಗುಣವಾಗದ ಹಂತ ತಲುಪಿ ಅದು ಒಂದೊಂದು ಉಸಿರಿಗೂ ಒದ್ದಾಡುತ್ತಿದ್ದರೆ, ನೋವಿಲ್ಲದೆ ಕಳಿಸಿಕೊಡುವ ಮಾತನ್ನು ವೈದ್ಯರು ಎತ್ತಬಹುದು. ಕೇಳಿಸಿಕೊಳ್ಳಿ. ಅಳು ಬಂದರೆ ಅಳಿ.

ಅಂಗಡಿಯಲ್ಲಿ ಆರಿಸುವಾಗ ಸಂಜೆ ಹೋಗಿ, ಅವು ಎದ್ದಿರುವಾಗ ನೋಡಿ. ಒಂದೇ ಗಾಜಿನ ತೊಟ್ಟಿಯಲ್ಲಿ ಹತ್ತಾರನ್ನು ತುಂಬಿದ್ದರೆ, ಒಂದಾದರೂ ಸೀನುತ್ತಿದ್ದರೆ, ಅಲ್ಲಿಂದ ಯಾವುದನ್ನೂ ತರಬೇಡಿ. 2018ರ ಕೇಂದ್ರ ನಿಯಮಗಳ ಪ್ರಕಾರ ಸಾಕುಪ್ರಾಣಿ ಮಾರುವ ಅಂಗಡಿಗಳು ರಾಜ್ಯ ಪ್ರಾಣಿ ಕಲ್ಯಾಣ ಮಂಡಳಿಯಲ್ಲಿ ನೋಂದಣಿ ಮಾಡಿಸಿರಬೇಕು. ನೋಂದಣಿ ಪತ್ರ ತೋರಿಸಿ ಎಂದು ಕೇಳಲು ಹಿಂಜರಿಯಬೇಡಿ. ಸಿರಿಯನ್ ಜಾತಿಯದಾದರೆ ಒಂದನ್ನೇ ಸಾಕಿ. ಬೆಳೆದ ಎರಡನ್ನು ಜೊತೆಗಿಟ್ಟರೆ ಕಚ್ಚಾಡುತ್ತವೆ, ಆ ಒತ್ತಡದಲ್ಲೇ ರೋಗ ಹತ್ತುತ್ತದೆ.

ಈಗಾಗಲೇ ನಿಮ್ಮ ಮನೆಯಲ್ಲಿ ಹ್ಯಾಮ್‌ಸ್ಟರ್ ಇದ್ದರೆ, ಇವತ್ತೇ ಅದರ ತೂಕ ನೋಡಿ ಬರೆದಿಡಿ. ನಿಮ್ಮ ಊರಿನಲ್ಲಿ ಹ್ಯಾಮ್‌ಸ್ಟರ್ ನೋಡುವ ವೈದ್ಯರು ಯಾರೆಂದು ವಿಚಾರಿಸಿ, ಅವರ ಫೋನ್ ನಂಬರನ್ನು ಮಾತ್ರೆ ಡಬ್ಬಿಯ ಮುಚ್ಚಳದ ಮೇಲೆ ಅಂಟಿಸಿ.